ದೇವಿರಮ್ಮ ತನ್ನ ಹೆಸರನ್ನು ವಾಪಸ್ಸು ತಂದದ್ದು

ಹನಕೆರೆಯಲ್ಲಿ ಹೊನ್ನಯ್ಯನ ಹೆಂಡತಿಯ ಹೆಸರೇನೆಂದು ಯಾರನ್ನು ಕೇಳಿದರೂ ಇಂದ್ರಮ್ಮ ಎನ್ನುತ್ತಿದ್ದರು. ರೇಷನ್ ಕಾರ್ಡೂ ಹಾಗೇ ಎನ್ನುತ್ತಿತ್ತು, ಓಟಿನ ಚೀಟಿಯೂ ಹಾಗೇ ಎನ್ನುತ್ತಿತ್ತು, ಆಧಾರ್ ಕಾರ್ಡಂತೂ ಫೋಟೋ ಸಮೇತ ಎರಡೆರಡು ಭಾಷೆಯಲ್ಲಿ ಹಾಗೇ ಎನ್ನುತ್ತಿತ್ತು. ಇಷ್ಟು ಜನ, ಇಷ್ಟು ಇಲಾಖೆ ಸೇರಿ ಒಂದೇ ಮಾತು ಹೇಳುವುದು ನಮ್ಮಲ್ಲಿ ಅಪರೂಪ. ಆ ಮಾತು ತಪ್ಪು ಎನ್ನಬಲ್ಲವಳು ಊರಿನಲ್ಲಿ ಒಬ್ಬಳೇ ಇದ್ದಳು. ಅವಳನ್ನು ಯಾರೂ ಕೇಳಿರಲಿಲ್ಲ.

ಅವಳ ಹೆಸರು ದೇವಿರಮ್ಮ. ಕಾನೂನು ಇದನ್ನು ಒಪ್ಪಿಕೊಳ್ಳಲು ಬಹಳ ಕಾಲ ತೆಗೆದುಕೊಂಡಿತು. ನಮಗೆ ಕಾನೂನಿನಷ್ಟು ಕೆಲಸವಿಲ್ಲವಾದ್ದರಿಂದ ಈಗಿನಿಂದಲೇ ಹಾಗೆ ಕರೆಯೋಣ. ಮಳವಳ್ಳಿ ತಾಲ್ಲೂಕಿನ ಪೂರಿಗಾಲಿಯಲ್ಲಿ ಗಂಡುಮಕ್ಕಳೇ ತುಂಬಿದ್ದ ಮನೆಗೆ ಒಂದು ಹೆಣ್ಣು ಬೇಕೆಂದು ಅವಳಪ್ಪ ದೇವಿಯ ಗುಡಿಯಲ್ಲಿ ಹರಕೆ ಹೊತ್ತು ಪಡೆದ ಮಗಳು ಅವಳು. ಹೆಣ್ಣಿಗಾಗಿ ಹರಕೆ ಹೊತ್ತವನೆಂದು ಊರಿನವರು ಅವನನ್ನು ನೋಡಿ ನಕ್ಕಿದ್ದರು. ಅವನು ಯಾರ ಮಾತನ್ನೂ ಕಿವಿಗೆ ಹಾಕಿಕೊಳ್ಳದೆ ದೇವಿಯ ಹೆಸರನ್ನೇ ಮಗಳಿಗಿಟ್ಟು, ಏಳನೆಯ ಕ್ಲಾಸಿನವರೆಗೆ ಓದಿಸಿ, ಹನಕೆರೆಯ ಹೊನ್ನಯ್ಯನಿಗೆ ಕೊಟ್ಟು ಮದುವೆ ಮಾಡಿದ.

ಮದುವೆಯ ಹೆಣ್ಣು ಗಂಡನ ಮನೆಯ ಹೊಸಲಿನ ಮುಂದೆ ನಿಂತಿದ್ದಾಗ, ಇನ್ನೇನು ಸೇರಕ್ಕಿಯನ್ನು ಬಲಗಾಲಲ್ಲಿ ಒದ್ದು ಒಳಗೆ ಬರಬೇಕು ಎನ್ನುವಷ್ಟರಲ್ಲಿ, ಮಾವ ಕೈ ಅಡ್ಡ ಹಿಡಿದ.

“ತಡೀರಿ. ಉಡ್ಗೀ ಎಸ್ರೂ ದೇವಿರಮ್ಮ, ನಮ್ಮನೆಯವಳ ಎಸ್ರೂ ದೇವಿರಮ್ಮ. ನಾಳೆ ನನ್ ಮಗ ಎಂಡ್ರುನ್ನ ಬಯ್ಬೇಕು ಅಂದ್ರೆ ಏನಂತ ಬಯ್ದಾನು? ಎತ್ತವ್ವನ ಎಸ್ರು ಇಡ್ಕೊಂಡು ಬಯ್ಯಾಕಾಯ್ತದಾ?”

ನೆರೆದವರೆಲ್ಲ ಹೌದು ಹೌದು ಎಂದರು. ಅವನು ಬಯ್ಯುತ್ತಾನೋ ಇಲ್ಲವೋ ಎಂಬ ಅನುಮಾನ ಯಾರಿಗೂ ಬರಲಿಲ್ಲ. ಬಯ್ಯುವುದಕ್ಕೆ ಯಾವ ಅಡ್ಡಿಯೂ ಇರಬಾರದು ಎನ್ನುವುದಷ್ಟೇ ಎಲ್ಲರ ಕಾಳಜಿಯಾಗಿತ್ತು. ಆ ಮನೆಯಲ್ಲಿ ಹಿಂದಿನ ವರ್ಷದವರೆಗೂ ಇಂದ್ರಿ ಎಂಬ ಹಸುವಿತ್ತು. ಹಾಲು ಚೆನ್ನಾಗಿ ಕೊಡುತ್ತಿತ್ತು, ಒದೆಯುತ್ತಿರಲಿಲ್ಲ, ಹೆಸರು ಎಲ್ಲರ ಬಾಯಿಗೂ ರೂಢಿಯಾಗಿತ್ತು. “ಇಂದ್ರಮ್ಮ ಅನ್ನಿ ಅತ್ಲಾಗೆ” ಎಂದು ಯಾರೋ ಅಂದರು. ಆರತಿ ತಟ್ಟೆ ಹಿಡಿದು ಬಾಗಿಲಲ್ಲಿ ನಿಂತಿದ್ದ ಅತ್ತೆ ಒಂದು ಮಾತೂ ಆಡಲಿಲ್ಲ. ಸೇರಕ್ಕಿ ಚೆಲ್ಲಿತು. ದೇವಿರಮ್ಮ ಹೊಸಲಿನಾಚೆಯೇ ಉಳಿದಳು, ಇಂದ್ರಮ್ಮ ಒಳಗೆ ಬಂದಳು.

ಹೊನ್ನಯ್ಯ ಅಪ್ಪನ ಮುಂದಾಲೋಚನೆಯನ್ನು ವ್ಯರ್ಥ ಮಾಡಲಿಲ್ಲ. ಕೆಟ್ಟವನೇನಲ್ಲ, ಕುಡಿಯುವವನಲ್ಲ, ಕೈ ಎತ್ತಿದವನೂ ಅಲ್ಲ. ಬಾಯಿ ಮಾತ್ರ ದೊಡ್ಡದು. ಮುದ್ದೆ ಗಂಟಾದರೆ “ಲೇ ಇಂದ್ರಿ”, ಎಮ್ಮೆ ಹಗ್ಗ ಬಿಚ್ಚಿಕೊಂಡರೆ “ಲೇ ಇಂದ್ರಿ”, ಕಬ್ಬಿನ ಗದ್ದೆಗೆ ನೀರು ಬಿಡುವ ಸರದಿ ತಾನೇ ಮರೆತರೂ “ಲೇ ಇಂದ್ರಿ”. ಆ ಕೂಗು ಹನಕೆರೆಯ ರೈಲ್ವೆ ಸ್ಟೇಷನ್ನಿಗೂ ಕೇಳಿಸುತ್ತದೆ ಎಂದು ಊರಿನವರು ತಮಾಷೆ ಮಾಡುತ್ತಿದ್ದರು. ಅವಳೂ ನಗುತ್ತಿದ್ದಳು. ನಗದೆ ಏನು ಮಾಡಬೇಕು, ಬಯ್ಯಿಸಿಕೊಳ್ಳುತ್ತಿದ್ದವಳು ಇಂದ್ರಿ ತಾನೆ ಎಂದು ಮೊದಮೊದಲು ತನಗೆ ತಾನೇ ಹೇಳಿಕೊಳ್ಳುತ್ತಿದ್ದಳು. ಆಮೇಲೆ ಆ ಉಪಾಯವೂ ಸವೆದು ಹೋಯಿತು.

ಅವಳಪ್ಪ ಬದುಕಿರುವವರೆಗೆ ವರ್ಷಕ್ಕೊಮ್ಮೆ ಗೌರಿ ಹಬ್ಬಕ್ಕೆ ಬಾಗಿನ ತೆಗೆದುಕೊಂಡು ಬರುತ್ತಿದ್ದ. ಬೀಗರ ಮನೆಯ ಜಗುಲಿಯ ಮುಂದೆ ನಿಂತು ಮಗಳನ್ನು ಏನೆಂದು ಕರೆಯಬೇಕೆಂದು ತಿಳಿಯದೆ ಕೆಮ್ಮುತ್ತಿದ್ದ. ತಾನಿಟ್ಟ ಹೆಸರಿನಲ್ಲಿ ಕೂಗಿದರೆ ಬೀಗಿತಿಯನ್ನು ಕೂಗಿದಂತಾಗುತ್ತದೆ, ಇವರಿಟ್ಟ ಹೆಸರಿನಲ್ಲಿ ಕೂಗಲು ಬಾಯಿ ಬರುವುದಿಲ್ಲ. ಆ ಕೆಮ್ಮು ಕೇಳಿದ ಕೂಡಲೇ ಅವಳು ಕೈಯಲ್ಲಿದ್ದ ಕೆಲಸ ಬಿಟ್ಟು ಓಡಿ ಬರುತ್ತಿದ್ದಳು. ಅಪ್ಪ ಸತ್ತ ಮೇಲೆ ಅವಳಿಗೆ ಬಹಳ ದಿನ ನೆನಪಾಗಿ ಅಳು ತರಿಸುತ್ತಿದ್ದುದು ಆ ಕೆಮ್ಮೇ.

ಅತ್ತೆಯ ವಿಷಯ ಬೇರೆ. ಆಕೆ ಸೊಸೆಯನ್ನು ಸಾಯುವವರೆಗೂ ಇಂದ್ರಮ್ಮ ಎಂದು ಕರೆದವಳಲ್ಲ. ಬೇಕಾದಾಗ “ಮಗಾ” ಎನ್ನುವಳು, ಸಿಟ್ಟು ಬಂದಾಗ ಏನೂ ಅನ್ನದೆ ಪಾತ್ರೆ ಕುಕ್ಕುವಳು. ಹೆಸರನ್ನಂತೂ ಕಿತ್ತುಕೊಂಡಳು, ಕೊಟ್ಟ ಹೆಸರಿನಲ್ಲಾದರೂ ಕರೆಯಬಾರದೇ, ಎಷ್ಟು ಬಿಂಕ ಇವಳಿಗೆ ಎಂದು ದೇವಿರಮ್ಮ ಒಳಗೊಳಗೇ ಮುನಿಸಿಕೊಂಡಿದ್ದಳು. ಮುನಿಸಿಟ್ಟುಕೊಂಡೇ ಕೊನೆಗಾಲದಲ್ಲಿ ಅತ್ತೆಯ ಮೈ ತೊಳೆದಳು, ಗಂಜಿ ಕುಡಿಸಿದಳು, ಮಗ್ಗುಲು ಬದಲಾಯಿಸಿದಳು. ಮುದುಕಿ ಹೋದ ವರ್ಷ ಮಾಘ ಮಾಸದಲ್ಲಿ ಕಣ್ಣು ಮುಚ್ಚಿತು. ಗದ್ದೆಯ ಬದುವಿನಲ್ಲಿ ಮಣ್ಣು ಮಾಡಿದರು.

ವರ್ಷದ ಕಾರ್ಯಕ್ಕೆ ಹೊನ್ನಯ್ಯ ಅವ್ವನನ್ನು ಮಣ್ಣು ಮಾಡಿದ ಗುಡ್ಡೆಯ ಮೇಲೆ ಕಪ್ಪು ಕಲ್ಲು ನಿಲ್ಲಿಸಿದ. ಹೂವಿಡಲು ಬಗ್ಗಿದ ದೇವಿರಮ್ಮ, ಏಳನೆಯ ಕ್ಲಾಸು ಓದಿದವಳಾದ್ದರಿಂದ, ಕಲ್ಲಿನ ಮೇಲಿನ ಬಂಗಾರದ ಬಣ್ಣದ ಅಕ್ಷರಗಳನ್ನು ಓದಿದಳು. ದೇವಿರಮ್ಮ ಎಂದಿತ್ತು. ತನ್ನ ಹೆಸರನ್ನು ಅಚ್ಚುಕಟ್ಟಾಗಿ ಬರೆದದ್ದನ್ನು ಅವಳು ನೋಡಿ ನಲವತ್ತು ವರ್ಷದ ಹತ್ತಿರವಾಗಿತ್ತು, ಈಗ ನೋಡಿದರೆ ಅದು ಹೆಣದ ಮೇಲಿತ್ತು. ಮನೆಗೆ ಬಂದು ಕೈಕಾಲು ತೊಳೆದು ಗಂಡನ ಮುಂದೆ ನಿಂತಳು.

“ಅತ್ತೆಮ್ಮ ಓದ್ರಲ್ಲ, ಇನ್ನು ನನ್ ಎಸ್ರು ನಂಗೆ ಕೊಟ್ಬುಡಿ.”

ಹೊನ್ನಯ್ಯನಿಗೆ ಅರ್ಥವಾಗಲಿಲ್ಲ. ಅರ್ಥವಾದ ಮೇಲೆ ನಕ್ಕ. ನಕ್ಕು ಮುಗಿದ ಮೇಲೆ ಅವಳು ಇನ್ನೂ ಅಲ್ಲೇ ನಿಂತಿರುವುದನ್ನು ಕಂಡು ಕಣ್ಣು ಕೆಂಪಗೆ ಮಾಡಿದ.

“ನಿಂಗೇನ್ ತಲೆ ಕೆಟ್ಟದಾ? ನಮ್ಮವ್ವನ ಎಸ್ರು ಕಣೆ ಅದು.”

“ನಂದೂ ಅದೇ ಕಣಿ. ಅವರಿರಗಂಟ ನಾನೇನಾರ ಕೇಳಿದ್ನಾ?”

ಮಗ ಸಂತೋಷ್ ಮಂಡ್ಯದಲ್ಲಿ ಲೈನ್‌ಮ್ಯಾನ್. ಊರಿಗೆಲ್ಲ ಕರೆಂಟು ಕೊಡುವವನಿಗೆ ಈ ಮಾತು ಕೇಳಿ ತಾನೇ ಶಾಕ್ ಹೊಡೆಸಿಕೊಂಡಂತಾಯಿತು. “ಅವ್ವ, ನನ್ನ ಮಾರ್ಕ್ಸ್ ಕಾರ್ಡಲ್ಲಿ ತಾಯಿ ಎಸ್ರು ಇಂದ್ರಮ್ಮ ಅಂತ ಐತೆ, ಕೆಲಸದ ಕಾಗದ್ದಲ್ಲೂ ಅಂಗೇ ಐತೆ. ನೀನು ದೇವಿರಮ್ಮ ಆಗ್ಬುಟ್ರೆ ನಾನ್ಯಾರ ಮಗ?” ಎಂದ.

“ನಿನ್ನ ಎತ್ತಿದ್ದು ಒಟ್ಟೆ ಕಣ್ಲಾ, ಎಸ್ರಲ್ಲ” ಎಂದಳು ಅವ್ವ.

ಊರಿನಲ್ಲಿ ಸುದ್ದಿ ಹಬ್ಬಲು ತಡವಾಗಲಿಲ್ಲ. ಒಬ್ಬೊಬ್ಬರು ಒಂದೊಂದು ಲಾಭವನ್ನು ಹುಡುಕಿದರು. ಎರಡು ಹೆಸರಿನಲ್ಲಿ ಎರಡು ಸಲ ಗೃಹಲಕ್ಷ್ಮಿ ದುಡ್ಡು ಹೊಡೆಯಲು ಎಂದು ಪಕ್ಕದ ಮನೆಯವಳು ಮೂಗು ಮುರಿದಳು. ಪೂರಿಗಾಲಿಯ ತವರಿನ ಜಮೀನಿನಲ್ಲಿ ಪಾಲು ಕೇಳಲು ಎಂದು ಹಾಲಿನ ಡೈರಿಯ ಮುಂದೆ ಕ್ಯೂ ನಿಂತವರು ತೀರ್ಮಾನಿಸಿದರು. ಅತ್ತೆಯ ವೃದ್ಧಾಪ್ಯ ವೇತನವನ್ನು ತಾನೇ ಮುಂದುವರಿಸಿಕೊಂಡು ಹೋಗಲು ಎಂದವರೂ ಇದ್ದರು. ಏನೂ ಲಾಭವಿಲ್ಲದೆ ಮನುಷ್ಯರು ಸರ್ಕಾರದ ಮೆಟ್ಟಿಲು ಹತ್ತುತ್ತಾರೆ ಎಂಬುದನ್ನು ನಂಬಲು ಯಾರೂ ತಯಾರಿರಲಿಲ್ಲ. ತಾನು ಕೇಳುತ್ತಿರುವುದು ಬರೀ ಹೆಸರು ಎಂದು ಹೇಳಿ ಹೇಳಿ ದೇವಿರಮ್ಮನಿಗೆ ಸಾಕಾಯಿತು.

ಒಂದು ದಿನ ತಲೆ ಬಾಚಿ, ಒಳ್ಳೆಯ ಸೀರೆಯುಟ್ಟು, ಪೂರಿಗಾಲಿಯ ಸ್ಕೂಲಿನ ಹಳೆಯ ಟಿಸಿಯನ್ನು ಸೆರಗಿನಲ್ಲಿ ಸುತ್ತಿಕೊಂಡು ಮಂಡ್ಯದ ಬಸ್ಸು ಹತ್ತಿದಳು. ಕಂಡಕ್ಟರು ಆಧಾರ್ ತೋರಿಸಿ ಎಂದ. ಇಂದ್ರಮ್ಮನ ಕಾರ್ಡು ತೋರಿಸಿದ್ದಕ್ಕೆ ದೇವಿರಮ್ಮ ಪುಕ್ಕಟೆಯಾಗಿ ಮಂಡ್ಯ ಸೇರಿದಳು. ಆ ಹೆಸರಿನಿಂದ ಅವಳಿಗೆ ಆಗಿದ್ದ ಉಪಕಾರ ಇದೊಂದೇ ಎನ್ನಬೇಕು.

ಪೇಟೆಯ ಆಧಾರ್ ಸೇವಾ ಕೇಂದ್ರದಲ್ಲಿ ಕಂಪ್ಯೂಟರಿನ ಮುಂದೆ ಶಶಿರೇಖಾ ಎಂಬ ಹುಡುಗಿ ಕೂತಿದ್ದಳು. ಮರ್ಯಾದೆಯ ಹುಡುಗಿ. ಟಿಸಿಯನ್ನು ಹಿಂದೆ ಮುಂದೆ ತಿರುಗಿಸಿ ನೋಡಿ ಹೇಳಿದಳು: “ಅಮ್ಮಾ, ಒಂದಕ್ಷರ ಎರಡಕ್ಷರ ಹೆಚ್ಚುಕಮ್ಮಿ ಆಗಿದ್ರೆ ನಾವೇ ತಿದ್ತೀವಿ. ನಿಮ್ದು ಪೂರ್ತಿ ಬೇರೆ ಹೆಸರು. ಇದಕ್ಕೆ ಗೆಜೆಟ್ ಬೇಕು.”

“ಅಂಗಂದ್ರೆ ಏನವ್ವ?”

“ಸರ್ಕಾರದ ಪತ್ರಿಕೆ ಅಮ್ಮ, ರಾಜ್ಯಪತ್ರ ಅಂತಾರೆ. ಇಂಥವರು ಇನ್ನು ಮುಂದೆ ಇಂಥ ಹೆಸರಿನವರು ಅಂತ ಅದರಲ್ಲಿ ಬರಬೇಕು. ಅದಕ್ಕೆ ಮುಂಚೆ ಅಫಿಡವಿಟ್, ಪೇಪರಲ್ಲಿ ಜಾಹೀರಾತು.”

ದೇವಿರಮ್ಮ ಟಿಸಿಯನ್ನು ಮತ್ತೆ ಸೆರಗಿನಲ್ಲಿ ಸುತ್ತಿಕೊಂಡಳು. ಹೆಸರು ಕಳೆದುಕೊಂಡ ದಿನ ಒಂದು ಸೇರಕ್ಕಿ ಚೆಲ್ಲುವಷ್ಟು ಹೊತ್ತಿನಲ್ಲಿ ಎಲ್ಲ ಮುಗಿದಿತ್ತು. ಅವತ್ತು ಅಫಿಡವಿಟ್ ಎಲ್ಲಿತ್ತು, ಪೇಪರಿನವರು ಎಲ್ಲಿ ಹೋಗಿದ್ದರು, ಈ ರಾಜ್ಯಪತ್ರದವರು ಅವತ್ತೇ ಯಾಕೆ ಹೊಸಲಿಗೆ ಅಡ್ಡ ನಿಲ್ಲಲಿಲ್ಲ ಎಂದು ಕೇಳಬೇಕೆನಿಸಿತು. ಆ ಹುಡುಗಿ ಅವತ್ತು ಹುಟ್ಟಿಯೇ ಇರಲಿಲ್ಲ, ಇವಳನ್ನು ಕೇಳಿ ಏನು ಪ್ರಯೋಜನ ಎಂದು ಎದ್ದು ಹೊರಗೆ ಬಂದಳು.

ಹೊರಗೆ ಬೇವಿನ ಮರದ ಕೆಳಗೆ ಕೆಂಪರಾಜು ಕೂತಿದ್ದ. ಮೊದಲು ಟೈಪ್ ಮಿಷನ್ ಇಟ್ಟುಕೊಂಡು ಬಾಂಡ್ ಪೇಪರ್ ಬರೆಯುತ್ತಿದ್ದವನು, ಈಗ ಲ್ಯಾಪ್‌ಟಾಪ್ ಇಟ್ಟುಕೊಂಡಿದ್ದ, ಮರ ಮಾತ್ರ ಅದೇ. ಲೋಕದಲ್ಲಿ ಆಗುವ ಯಾವ ಅನಾಹುತಕ್ಕೂ ಅವನ ಹತ್ತಿರ ಒಂದು ನಮೂನೆ ಸಿದ್ಧವಾಗಿತ್ತು. ಅವಳ ಕತೆ ಕೇಳಿ ಕೀಲಿಗಳ ಮೇಲೆ ಬೆರಳಿಟ್ಟು ಕೇಳಿದ:

“ಸರಿ ಕಣಮ್ಮ. ಹೆಸರು ಬದಲಾವಣೆಗೆ ಕಾರಣ?”

“ಅತ್ತೆ ಸತ್ತೋದ್ರು.”

“ಅದು ಕಾರಣ ಆಗಲ್ಲ ಕಣಮ್ಮ. ಮದುವೆ ಆಯ್ತು ಅಂದ್ರೆ ಕಾರಣ. ಡೈವೋರ್ಸು ಆಯ್ತು ಅಂದ್ರೆ ಕಾರಣ. ಸಂಖ್ಯಾಶಾಸ್ತ್ರ ಅಂದ್ರೂ ನಡೀತದೆ, ಈಗ ಅದೇ ಜಾಸ್ತಿ. ಅದೃಷ್ಟಕ್ಕೆ ಅಂತ ಬರೀಲಾ?”

“ಅದೃಷ್ಟ ಬ್ಯಾಡ, ಎಸ್ರು ಸಾಕು. ನಾನು ಬದ್ಲಾಯಿಸ್ತಾ ಇಲ್ಲ ಕಣಪ್ಪ. ನಂದನ್ನ ವಾಪಸ್ ಈಸ್ಕೊತಾ ಇವ್ನಿ.”

“ವಾಪಸ್ಸು ಅನ್ನೋ ಕಾಲಂ ಇಲ್ಲ” ಎಂದ ಕೆಂಪರಾಜು, ನಿಜವಾಗಿಯೂ ಬೇಜಾರಿನಿಂದ.

ಕೊನೆಗೆ ‘ವೈಯಕ್ತಿಕ ಕಾರಣ’ ಎಂದು ಹಾಕಿದ. ಎಲ್ಲೂ ಜಾಗವಿಲ್ಲದ ದುಃಖವೆಲ್ಲ ಸರ್ಕಾರದಲ್ಲಿ ಆ ಎರಡು ಪದದೊಳಗೆ ಹೋಗಿ ಕೂರುತ್ತದೆ. ಬರೆದದ್ದನ್ನು ಗಟ್ಟಿಯಾಗಿ ಓದಿ ಹೇಳಿದ: ಇಂದ್ರಮ್ಮ ಎಂಬ ಹೆಸರಿನಿಂದ ಕರೆಯಲ್ಪಡುತ್ತಿದ್ದ ನಾನು ಇಂದಿನಿಂದ ದೇವಿರಮ್ಮ ಎಂಬ ಹೆಸರಿನಿಂದ ಗುರುತಿಸಿಕೊಳ್ಳುತ್ತೇನೆ, ಎಲ್ಲರೂ ನನ್ನನ್ನು ಹಾಗೆಯೇ ಕರೆಯತಕ್ಕದ್ದು. “ಆ ಕಡೇದನ್ನ ಇನ್ನೊಂದ್ಸಲ ಓದಪ್ಪ” ಎಂದಳು. ಅವನು ಓದಿದ. ಕರೆಯತಕ್ಕದ್ದು ಎಂಬ ಮಾತು ಅವಳಿಗೆ ಬಹಳ ಹಿಡಿಸಿತು.

“ಒಂದು ಸಾಕ್ಷಿ ಸಹಿ ಬೇಕು. ನಿಮ್ಮ ಯಜಮಾನರನ್ನೇ ಕರ್ಕೊಂಡು ಬನ್ನಿ” ಎಂದ ಕೆಂಪರಾಜು. “ಎರಡು ಹೆಸರೂ ಒಬ್ಬಳದ್ದೇ ಅಂತ ಗಂಡನೇ ಹೇಳಿದ್ರೆ ಮುಂದೆ ಯಾರೂ ತಕರಾರು ತೆಗೆಯೋಕಾಗಲ್ಲ.”

ಇಲ್ಲಿಗೆ ಬಂದು ಗಾಡಿ ನಿಂತಿತು. ಹೊನ್ನಯ್ಯ ಸಹಿ ಹಾಕುವುದಿಲ್ಲ ಎಂದ. ಅವ್ವನ ಹೆಸರನ್ನು ಹೆಂಡತಿಗೆ ಬರೆದುಕೊಟ್ಟ ಎಂದು ಊರು ಆಡಿಕೊಳ್ಳುತ್ತದೆ ಎಂದ. ಸತ್ತ ಅವ್ವ ಏನಂದುಕೊಂಡಾಳು ಎಂದ. ಇನ್ನು ಮುಂದೆ ನಿನ್ನನ್ನು ಏನಂತ ಕೂಗಲಿ ಎಂದೂ ಕೇಳಿದ, ಅದು ಅವನ ನಿಜವಾದ ಕಷ್ಟ. ದೇವಿರಮ್ಮ ಜಗಳವಾಡಲಿಲ್ಲ. ಅಡುಗೆ ಮಾಡಿದಳು, ಎಮ್ಮೆ ಕರೆದಳು, ಬಟ್ಟೆ ಒಗೆದಳು. ಆದರೆ “ಲೇ ಇಂದ್ರಿ” ಎಂಬ ಕೂಗಿಗೆ ಓಗೊಡುವುದನ್ನು ನಿಲ್ಲಿಸಿದಳು. ಹೊನ್ನಯ್ಯ ಜಗುಲಿಯಿಂದ ಕೂಗುವನು, ಒಳಗಿನಿಂದ ಮಿಕ್ಸಿಯ ಸದ್ದು ಮಾತ್ರ ಬರುವುದು. ಕೂಗಿ ಕೂಗಿ ಗಂಟಲು ಕಟ್ಟಿದ ಮೇಲೆ ತಾನೇ ಎದ್ದು ಹೋಗಿ ನೀರು ಕುಡಿಯುವನು. ಅಷ್ಟು ವರ್ಷದಲ್ಲಿ ಮೊದಲ ಸಲ ಅವನಿಗೆ ನೀರಿನ ಕೊಡ ಎಲ್ಲಿರುತ್ತದೆ ಎಂದು ತಿಳಿಯಿತು.

ಒಂದು ವಾರಕ್ಕೆ ಅವನು ಅರ್ಧ ಇಳಿದ. ಪೂರ್ತಿ ಇಳಿದರೆ ಗಂಡಸುತನಕ್ಕೆ ಕಡಿಮೆ, ಅದಕ್ಕೆ ಒಂದು ಷರತ್ತು ಹಾಕಿದ.

“ಯಲಿಯೂರಿನ ಮಾವನ್ನ ಕೇಳಾನ. ಅವ್ವನ ಒಡಹುಟ್ಟಿದೋನು, ಅವ್ವನ ವಿಷ್ಯದಲ್ಲಿ ಏಳಾಕೆ ಅವನಿಗೆ ಅಕ್ಕು ಅದೆ. ಅವನು ಊ ಅಂದ್ರೆ ನಾನು ಸೈನ್ ಆಕ್ತೀನಿ. ಊಹೂಂ ಅಂದ್ರೆ ನೀನು ಸಾಯಗಂಟ ಇಂದ್ರಿ. ಆಯ್ತಾ?”

“ಆಯ್ತು” ಎಂದಳು ದೇವಿರಮ್ಮ. ಸ್ವಂತ ಅಕ್ಕನ ಹೆಸರನ್ನು ಬಿಟ್ಟುಕೊಡು ಎಂದು ಆ ಮುದುಕನನ್ನು ಯಾವ ಬಾಯಿಂದ ಕೇಳುವುದು ಎಂದು ರಾತ್ರಿಯೆಲ್ಲ ಮಗ್ಗುಲು ಬದಲಾಯಿಸಿದಳು.

ಗಂಡ ಹೆಂಡತಿ ಬೆಳಗಿನ ರೈಲು ಹಿಡಿದು ಮಂಡ್ಯ ದಾಟಿ ಯಲಿಯೂರಿನಲ್ಲಿ ಇಳಿದರು. ಸೋದರಮಾವ ನಾಗಯ್ಯ ಜಗುಲಿಯ ಮೇಲೆ ಕಂಬಕ್ಕೊರಗಿ ಕೂತು ಕಡಲೆಕಾಯಿ ಸುಲಿಯುತ್ತಿದ್ದ. ಎಂಬತ್ತು ದಾಟಿದ ಜೀವ, ಕಣ್ಣು ಮಂಜು, ನಾಲಗೆ ಮಾತ್ರ ಮೊನಚು. ಅವನ ಸೊಸೆ ಕಾಫಿ ತಂದುಕೊಟ್ಟ ಮೇಲೆ ಹೊನ್ನಯ್ಯ ತನ್ನ ಕಡೆಯ ವಾದವನ್ನು ವಕೀಲನಂತೆ ಮಂಡಿಸಿದ. ಅವ್ವನ ಮಾನ, ಮನೆತನದ ರೀತಿ, ಊರಿನ ಮಾತು, ಯಾವುದನ್ನೂ ಬಿಡಲಿಲ್ಲ. ದೇವಿರಮ್ಮ ಕಂಬದ ಮರೆಯಲ್ಲಿ ನಿಂತು ನೆಲ ನೋಡುತ್ತಿದ್ದಳು.

“ಅದಕ್ಕೇ ಮಾವ, ದೇವಿರಮ್ಮ ಅನ್ನೋ ಎಸ್ರುನ್ನ ಇವ್ಳಿಗೆ ಬುಟ್ಟುಕೊಡಬೋದಾ ನೀನೇ ಏಳು” ಎಂದು ಮುಗಿಸಿದ.

“ಯಾವ ದೇವಿರಮ್ಮ?” ಎಂದ ನಾಗಯ್ಯ.

“ನಮ್ಮವ್ವ, ಮಾವ. ನಿಮ್ಮಕ್ಕ.”

“ನಮ್ಮಕ್ಕನ ಎಸ್ರು ಪಟ್ಟಲಮ್ಮ ಕಣ್ಲಾ.”

ಹೊನ್ನಯ್ಯ ಮುದುಕನಿಗೆ ಅರಳುಮರುಳು ಹಿಡಿದಿದೆ ಎಂದುಕೊಂಡು ದನಿ ಏರಿಸಿ ಇನ್ನೊಮ್ಮೆ ಹೇಳಿದ. ನಾಗಯ್ಯ ಕಡಲೆಕಾಯಿಯ ಸಿಪ್ಪೆಯನ್ನು ಅಂಗಳಕ್ಕೆ ಎಸೆದ.

“ಕೂಗ್ಬ್ಯಾಡ, ಕಿವಿ ನೆಟ್ಟಗವೆ. ನಮ್ಮಕ್ಕ ಪಟ್ಟಲಮ್ಮ. ನಿಮ್ಮಪ್ಪನ ಎತ್ತವ್ವ ಇದ್ಲಲ್ಲ, ನಿಮ್ಮಜ್ಜಿ, ಅವಳೂ ಪಟ್ಟಲಮ್ಮ. ಮದ್ವೆ ದಿಸ ನಿಮ್ಮಜ್ಜ ಒಸ್ಲು ತಾವ ಕೈ ಅಡ್ಡ ಇಟ್ಟ. ಅವ್ವನ ಎಸ್ರು ಇಡ್ದು ನನ್ ಮಗ ಬಯ್ಯಾಕಾಯ್ತದಾ ಅಂದ. ದೇವಿರಮ್ಮ ಅಂತ ಇಟ್ಟು ಒಳಕ್ಕೆ ಕರ್ಕೊಂಡ್ರು. ನಾನು ಆಗ ಚಿಕ್ಕೋನು, ಅಲ್ಲೇ ನಿಂತಿದ್ದೆ. ಅಕ್ಕ ಅವತ್ತು ಉಣ್ನಿಲ್ಲ.”

“ಮತ್ತೆ ಇಷ್ಟ್ ದಿಸ ಯಾಕ್ ಏಳ್ನಿಲ್ಲ ಮಾವ?”

“ನೀನ್ಯಾವತ್ತು ಕೇಳ್ದೆ? ನಂಗೆ ಅವಳು ಅಕ್ಕ, ಊರ್ನೋರಿಗೆ ಅನಕೆರೆಯೋಳು, ನಿಂಗೆ ಅವ್ವ. ಎಸ್ರು ಯಾರಿಗೆ ಬೇಕಾಗಿತ್ತು?”

ಮನೆತನದ ರೀತಿ ಎಂದರೆ ಏನೆಂದು ಹೊನ್ನಯ್ಯನಿಗೆ ಮೊದಲ ಸಲ ಪೂರ್ತಿಯಾಗಿ ತಿಳಿದಂತಿತ್ತು. ಕಂಬದ ಮರೆಯಲ್ಲಿದ್ದ ದೇವಿರಮ್ಮ ಅಲ್ಲೇ ಕೂತಳು. ಯಾರು ತನ್ನ ಹೆಸರನ್ನು ಕಿತ್ತುಕೊಂಡಳೆಂದು ಇಷ್ಟು ವರ್ಷ ಮುನಿಸಿಟ್ಟುಕೊಂಡಿದ್ದಳೋ, ಆಕೆಗೆ ಅದು ಬೇಡದ ಹೆಸರು. ಆರತಿ ತಟ್ಟೆ ಹಿಡಿದು ಬಾಗಿಲಲ್ಲಿ ನಿಂತವಳು ಅವತ್ತು ಯಾಕೆ ಬಾಯಿ ಬಿಡಲಿಲ್ಲ, ಸಾಯುವವರೆಗೂ ಯಾಕೆ ಇಂದ್ರಮ್ಮ ಎನ್ನದೆ ಮಗಾ ಎಂದಳು ಎಂಬುದು ಈಗ ಅರ್ಥವಾಗಿ ದೇವಿರಮ್ಮನಿಗೆ ದುಃಖ ಒತ್ತರಿಸಿ ಬಂತು. ಅತ್ತೆ ಸತ್ತಾಗ ನಾಲ್ಕು ಜನ ನೋಡಲಿ ಎಂದು ಅತ್ತಿದ್ದಳು. ಈಗ ಸೆರಗು ಬಾಯಿಗಿಟ್ಟುಕೊಂಡು ನಿಜವಾಗಿ ಅತ್ತಳು.

“ಅಳ್ಬ್ಯಾಡ ಕೂಸೇ” ಎಂದ ನಾಗಯ್ಯ. ಹೊನ್ನಯ್ಯನ ಕಡೆ ತಿರುಗಿ, “ನಮ್ಮದಲ್ಲದ ಎಸ್ರುನ್ನ ಬುಟ್ಟುಕೊಡಾಕೆ ನಾನ್ಯಾರ್ಲಾ? ಆ ಮಗೀನ ಎಸ್ರು ಆ ಮಗೀಗೆ ಕೊಟ್ಟು ಸುಮ್ಕಿರು” ಎಂದ.

ವಾಪಸ್ಸು ಬರುವಾಗ ಹೊನ್ನಯ್ಯ ರೈಲಿನ ಕಿಟಕಿಯಾಚೆ ಕಬ್ಬಿನ ಗದ್ದೆಗಳನ್ನೇ ನೋಡುತ್ತಿದ್ದ. ಮಂಡ್ಯದಲ್ಲಿ ತಾನಾಗಿಯೇ ಇಳಿದು, ಬೇವಿನ ಮರದವರೆಗೆ ನಡೆದು, ಕೆಂಪರಾಜು ತೋರಿಸಿದ ಜಾಗದಲ್ಲಿ ಸಹಿ ಹಾಕಿದ. ತಾಯಿಯ ಹೆಸರೇ ತಿಳಿಯದೆ ಅರವತ್ತು ದಾಟಿದ್ದ ಆ ಮನುಷ್ಯನನ್ನು ನೋಡಿ ದೇವಿರಮ್ಮನಿಗೆ ಪಾಪ ಎನಿಸಿತು.

ಆಮೇಲಿನದು ಸರ್ಕಾರದ ಕೆಲಸ, ಸರ್ಕಾರದ ನಡಿಗೆಯಲ್ಲಿ ನಡೆಯಿತು. ಪ್ಲಾಟು ಮಾರಾಟಕ್ಕೂ ಕಳೆದುಹೋದ ಮಾರ್ಕ್ಸ್ ಕಾರ್ಡಿಗೂ ನಡುವೆ ಅವಳ ಹೆಸರು ಪೇಪರಿನಲ್ಲಿ ಬಂತು. ಕಟಿಂಗ್ ಶಾಪಿನಲ್ಲಿ ಅದನ್ನು ಓದಿದವನೊಬ್ಬ “ಒನ್ನಣ್ಣ, ನಿಮ್ಮವ್ವ ತಿರ್ಗಾ ಬಂದವ್ರಂತೆ, ಪೇಪರ್‌ನಲ್ಲಿ ಆಕವ್ರೆ” ಎಂದು ಕೂಗಿದ. ಅಲ್ಲೇ ಶೇವಿಂಗಿಗೆ ಕೂತಿದ್ದ ಹೊನ್ನಯ್ಯ ಮುಖದ ಸೋಪಿನೊಳಗೇ ಕಣ್ಣು ಮುಚ್ಚಿಕೊಂಡ. ಕೆಲವು ತಿಂಗಳ ಮೇಲೆ ಗೆಜೆಟ್ಟಿನಲ್ಲೂ ಬಂತು. ಶಶಿರೇಖಾ ಕಾಗದಗಳನ್ನು ನೋಡಿ ನಕ್ಕು, “ಬನ್ನಿ ದೇವಿರಮ್ಮನವರೇ, ಕೂತ್ಕೊಳ್ಳಿ” ಎಂದಳು. ಅಷ್ಟಕ್ಕೇ ದೇವಿರಮ್ಮನ ಕಣ್ಣು ತೇವವಾಗಿ, ಕ್ಯಾಮೆರಾ ನೋಡಿ ಎಂದು ಆ ಹುಡುಗಿ ಮತ್ತೆ ಮತ್ತೆ ಹೇಳಬೇಕಾಯಿತು.

ಕಾರ್ಡು ಅಂಚೆಯಲ್ಲಿ ಬರುವ ಹೊತ್ತಿಗೆ ಗೌರಿ ಹಬ್ಬ ಕಳೆದಿತ್ತು. ಅಂಚೆಯ ಸ್ವಾಮಿ ಕವರು ಹಿಡಿದುಕೊಂಡು ಜಗುಲಿಯ ಮುಂದೆ ಸೈಕಲ್ ನಿಲ್ಲಿಸಿದ.

“ದೇವಿರಮ್ಮ ಅಂತ ಬಂದದೆ ಒನ್ನಣ್ಣ. ನಿಮ್ಮವ್ವ ತೀರ್ಕೊಂಡ್ರಲ್ಲ, ಈಗ ಯಾಕೆ ಕಳಿಸವ್ರೆ? ಅಂಥ ಎಸ್ರಿನವರು ಇಲ್ಲ ಅಂತ ಬರ್ದು ವಾಪಸ್ ಕಳಿಸ್ಬುಡ್ಲಾ?”

ಒಳಗೆ ಸಾರಿಗೆ ಒಗ್ಗರಣೆ ಹಾಕುತ್ತಿದ್ದ ದೇವಿರಮ್ಮನ ಕೈ ನಿಂತಿತು. ಇಲ್ಲ ಎಂದು ಗಂಡ ಒಂದು ಮಾತು ಹೇಳಿದರೆ ಸಾಕು, ಗೆಜೆಟ್ಟೂ ಅಲ್ಲ, ಪೇಪರೂ ಅಲ್ಲ, ಎಲ್ಲ ನೀರಿನಲ್ಲಿ ಹೋಮ. ಒಗ್ಗರಣೆ ಸೀದು ಹೋಯಿತು.

“ಅವ್ಳೆ” ಎಂದ ಹೊನ್ನಯ್ಯ. “ಒಳಗವ್ಳೆ, ಕೊಡು.”

ಅಷ್ಟು ಹೇಳಿದನೇ ಹೊರತು ಹೆಸರಿಟ್ಟು ಕರೆಯಲಿಲ್ಲ. ಇಂದ್ರಿ ಎನ್ನುವಂತಿಲ್ಲ, ದೇವಿರಮ್ಮ ಎನ್ನಲು ನಾಲಗೆ ಹೊರಳುವುದಿಲ್ಲ. ಅವ್ವನ ಹೆಸರು ಪಟ್ಟಲಮ್ಮ ಎಂದು ಕಿವಿ ಕೇಳಿತ್ತು, ನಾಲಗೆಗೆ ಇನ್ನೂ ಸುದ್ದಿ ತಲುಪಿರಲಿಲ್ಲ. ಹೀಗಾಗಿ ಮನೆಯಲ್ಲಿ ಬೈಗುಳವೇ ನಿಂತು ಹೋಯಿತು. ಸಾರಿಗೆ ಉಪ್ಪು ಜಾಸ್ತಿಯಾದರೆ ಹೊನ್ನಯ್ಯ ಬಾಯಿ ತೆರೆಯುವನು, ಯಾವ ಹೆಸರಿನಿಂದ ಶುರು ಮಾಡಬೇಕೆಂದು ತಿಳಿಯದೆ ಆ ಬಾಯಿಗೆ ಮುದ್ದೆಯನ್ನೇ ಹಾಕಿಕೊಳ್ಳುವನು. ಅವಳ ಮಾವ ಅವತ್ತು ಹೊಸಲಿನ ಮೇಲೆ ಹೇಳಿದ್ದು ಅಕ್ಷರಶಃ ನಿಜವಾಯಿತು. ದೇವಿರಮ್ಮನಿಗೆ ಇದರಿಂದ ಸುಖವೇ, ಆದರೂ ಕಾರ್ಡಿನಲ್ಲಿರುವ ಹೆಸರು ಮನೆಯವನ ಬಾಯಲ್ಲಿ ಇಲ್ಲದಿದ್ದರೆ ಆ ಕಾರ್ಡನ್ನು ಇಟ್ಟುಕೊಂಡು ಬಸ್ಸು ಹತ್ತಬಹುದು ಅಷ್ಟೇ ಎಂದು ಅವಳಿಗೆ ಅನ್ನಿಸದೇ ಇರಲಿಲ್ಲ.

ಪಿತೃಪಕ್ಷ ಬಂತು. ಹಿರಿಯರಿಗೆ ಎಡೆ ಇಡುವ ಸಂಜೆ ನಡುಮನೆಯನ್ನು ಸಾರಿಸಿ, ಅತ್ತೆ ಮಾವಂದಿರ ಫೋಟೋಗಳಿಗೆ ಹೂವು ಹಾಕಿ, ಬಾಳೆಯೆಲೆ ಹಾಸಿದರು. ಮಾವನಿಗೆ ಮಾಂಸದ ಸಾರು, ಮುದ್ದೆ, ಒಂದು ಕಟ್ಟು ಬೀಡಿ. ಅತ್ತೆಗೆ ಕಜ್ಜಾಯ, ವಡೆ, ಎಲೆಯಡಿಕೆ, ಚೂರು ಹೊಗೆಸೊಪ್ಪು, ಮಡಿಕೆ ಬಿಚ್ಚದ ಹೊಸ ಸೀರೆ. ಧೂಪ ಹಾಕಿ, ಸತ್ತವರನ್ನು ಹೆಸರಿಟ್ಟು ಊಟಕ್ಕೆ ಕರೆದು, ಎಲ್ಲರೂ ಹೊರಗೆ ಬಂದು ಬಾಗಿಲು ಮುಂದಕ್ಕೆಳೆದುಕೊಳ್ಳಬೇಕು. ಹಿರಿಯರು ಬಂದು ಉಂಡು ಹೋದರೆಂದು ಕಂಡ ಮೇಲೆ ಮನೆಯವರು ಒಳಗೆ ಹೋಗುವುದು. ಹೋದ ಸಲ ಹೊನ್ನಯ್ಯ “ದೇವಿರಮ್ಮವ್ವಾ ಬಾ” ಎಂದು ಕರೆದಿದ್ದ.

ಈ ಸಲ ಅಪ್ಪನನ್ನು ಕರೆದು ಮುಗಿಸಿ ಅವ್ವನ ಫೋಟೋದ ಮುಂದೆ ಬಂದು ನಿಂತ. ಕೈಯಲ್ಲಿ ಧೂಪದ ತಟ್ಟೆ. ಅಪ್ಪ ಮರೆತನೆಂದುಕೊಂಡು ಸಂತೋಷ್ ಏನೋ ಹೇಳಲು ಹೋದ, ದೇವಿರಮ್ಮ ಅವನ ತೋಳು ಹಿಡಿದು ತಡೆದಳು. ಇವನು ಹಳೆಯ ರೂಢಿಯಲ್ಲೇ ಕರೆದುಬಿಟ್ಟರೆ ತನ್ನ ಹೆಸರು ಮತ್ತೆ ಆ ಗುಡ್ಡೆಯ ಕಲ್ಲಿನ ಕೆಳಗೆ ಹೋಗಿ ಮಲಗುತ್ತದೆ, ಯಾವ ಕೆಂಪರಾಜುವೂ ಅದನ್ನು ಎಬ್ಬಿಸಿ ತರಲಾರ ಎಂದು ಅವಳಿಗೆ ಗೊತ್ತಿತ್ತು. ಹೇಳಿಕೊಡಬಹುದಿತ್ತು. ಹೇಳಿಕೊಡಲಿಲ್ಲ, ಹಲ್ಲು ಕಚ್ಚಿ ಕಾದಳು.

“ಪಟ್ಟಲವ್ವಾ” ಎಂದ ಹೊನ್ನಯ್ಯ. ಊರಿನ ಸ್ಟೇಷನ್ನಿಗೆ ಕೇಳಿಸುವಂಥ ಆ ಗಂಟಲು ಪಕ್ಕದಲ್ಲಿದ್ದವರಿಗೂ ಸರಿಯಾಗಿ ಕೇಳಿಸಲಿಲ್ಲ. ಗಂಟಲು ಸರಿಮಾಡಿಕೊಂಡು ಇನ್ನೊಮ್ಮೆ ಕರೆದ. “ಪಟ್ಟಲವ್ವಾ, ಬಾರವ್ವ. ನಿನ್ ಎಸ್ರು ನಂಗೆ ಗೊತ್ತಿರ್ನಿಲ್ಲ ಕಣವ್ವ. ಬಂದು ಉಣ್ಣು.”

ಹೇಳಿ ಮುಗಿಸುವಷ್ಟರಲ್ಲಿ ಕಣ್ಣೀರು ಸುರಿಯುತ್ತಿತ್ತು, ಧೂಪದ ಹೊಗೆ ಎಂದು ಮುಖ ಒರೆಸಿಕೊಂಡ. ಎಲ್ಲರೂ ಹೊರಗೆ ಬಂದರು. ಬಾಗಿಲು ಎಳೆದುಕೊಂಡು ಜಗುಲಿಯ ಮೇಲೆ ಕೂತರು. ಒಳಗೆ ಎಲೆಯ ಮುಂದೆ ಕೂತಿರುವ ಮುದುಕಿಗೆ ಮೊದಲ ಸಲ ತನ್ನನ್ನೇ ಕರೆದಿದ್ದಾರೆ ಎನಿಸಿರಬೇಕು ಎಂದುಕೊಂಡ ದೇವಿರಮ್ಮ, ನಿಧಾನವಾಗಿ ಉಣ್ಣಲಿ ಎಂದು ಯಾರನ್ನೂ ಅವಸರಪಡಿಸಲಿಲ್ಲ. ಬೀದಿಯಲ್ಲಿ ದೀಪಗಳು ಹತ್ತಿದವು. ಮೈಸೂರಿನ ಕಡೆಯ ರೈಲು ಹೋದ ಸದ್ದು ಕೇಳಿತು. ಆಮೇಲೆ ಹೊನ್ನಯ್ಯ ಎದ್ದು ಬಾಗಿಲನ್ನು ತಟ್ಟಿ ತೆರೆದ. ಪ್ರತಿ ಸಲ ಯಜಮಾನನಾಗಿ ತಾನೇ ಮೊದಲು ಒಳಗೆ ಹೋಗುವವನು ಈ ಸಲ ಪಕ್ಕಕ್ಕೆ ಸರಿದು ನಿಂತ.

“ದೇವೀರಿ, ನೀನು ಮೊದ್ಲು ಓಗು ಒಳಕ್ಕೆ” ಎಂದ.

ದೇವಿರಮ್ಮ ಸೀರೆಯ ನೆರಿಗೆ ಎತ್ತಿ ಹಿಡಿದು, ಬಲಗಾಲಿಟ್ಟು ಹೊಸಲು ದಾಟಿದಳು.